ಹೂಂ ಎಂಬ ಉಪ್ಪು

ಬೈರಕೂರಿನ ಬಸ್ ನಿಲ್ದಾಣ ದಾಟಿ ಕೆಳಗಿಳಿದರೆ ಹುಣಸೆಹಣ್ಣಿನ ಹುಳಿ ವಾಸನೆ ಮೂಗಿಗೆ ಬಡಿಯುವ ಅಂಗಳ ಯಾವುದೋ, ಅದೇ ಆವಲಮ್ಮನದು. ಶಿವರಾತ್ರಿ ಕಳೆದು ಬಿಸಿಲು ಬಲಿತರೆ ಸಾಕು, ಬೀದಿಯ ಹೆಂಗಸರು ಕಲ್ಲು, ಕೊಡತಿ ಹಿಡಿದು ಅಲ್ಲಿ ಬಂದು ಕೂರುತ್ತಾರೆ. ಓಡು ಬಿಡಿಸಬೇಕು, ನಾರು ಎಳೆಯಬೇಕು, ಕುಟ್ಟಿ ಬೀಜ ಉದುರಿಸಬೇಕು, ಉಪ್ಪು ಬೆರೆಸಿ ಉಂಡೆ ಕಟ್ಟಬೇಕು. ಕೈ ಇಷ್ಟೆಲ್ಲ ಮಾಡುವಾಗ ಬಾಯಿ ಸುಮ್ಮನಿರುತ್ತದೆಯೇ? ಕತೆ ನಡೆಯುತ್ತದೆ.

ಕತೆಯೆಂದರೆ ಗಾಳಿಯಲ್ಲ, ಪದಾರ್ಥ ಎನ್ನುವುದು ಆವಲಮ್ಮನ ಮತ. ಅವಳಿಗೆ ಇದನ್ನು ಯಾರೂ ಹೇಳಿಕೊಟ್ಟಿದ್ದಲ್ಲ, ಕುಟ್ಟುತ್ತಾ ಕುಟ್ಟುತ್ತಾ ಅವಳೇ ಕಂಡುಕೊಂಡದ್ದು. ಹೇಳುವವನು ತರುವುದು ಬರೀ ಹಣ್ಣು. ಅದು ಹಾಗೇ ಬಿದ್ದಿದ್ದರೆ ನಾಲ್ಕು ದಿನಕ್ಕೆ ಹುಳು ಹಿಡಿದು ಹೋಗುತ್ತದೆ. ಕೇಳುವವರು ನಡುನಡುವೆ ಹಾಕುವ ‘ಹೂಂ’ ಇದೆಯಲ್ಲ, ಅದು ಉಪ್ಪು. ಉಪ್ಪು ಬಿದ್ದ ಮೇಲೆ ಅದು ಉಂಡೆಯಾಗುತ್ತದೆ, ಭಾರ ಬರುತ್ತದೆ, ವರ್ಷಗಟ್ಟಲೆ ಕೆಡುವುದಿಲ್ಲ. ಒಳ್ಳೆಯ ಕತೆಗೂ ಅಷ್ಟೇ, ಹೊಲಸು ಕತೆಗೂ ಅಷ್ಟೇ. ಅದಕ್ಕೇ ಅವಳ ಅಂಗಳದಲ್ಲಿ ಯಾರಾದರೂ ಇನ್ನೊಬ್ಬರ ಮನೆಯ ಮಾತು ತೆಗೆದರೆ, ಎದ್ದು ಬೇಲಿಯಾಚೆ ಉಗಿದು ಬಾ ಎಂದು ಕಳಿಸುತ್ತಿದ್ದಳು. ಹೆಂಗಸರು ನಗುತ್ತಿದ್ದರು, ಆದರೂ ಹೋಗಿ ಉಗಿದು ಬರುತ್ತಿದ್ದರು.

ಕಳೆದ ಬೇಸಿಗೆಯಲ್ಲಿ ಆವಲಮ್ಮ ಕಣ್ಣಿನ ಪೊರೆ ತೆಗೆಸಿಕೊಳ್ಳಲು ಕೋಲಾರಕ್ಕೆ ಹೋದಳು. ಅವಳಿಲ್ಲದ ಹೊತ್ತಿನಲ್ಲೇ ಆಗಬಾರದ್ದು ಆಯಿತು.

ಅಂಗಳದ ಮಾಲನ್ನು ಕೋಲಾರಕ್ಕೆ ಒಯ್ದು ಮಾರುತ್ತಿದ್ದವಳು ಗಂಗಾಲಕ್ಷ್ಮಿ. ಗಂಡ ತೀರಿಹೋಗಿದ್ದ. ಅತ್ತೆ ಶಾಮಲಮ್ಮನ ಜೊತೆ, ಮಗಳು ಶಿವಾನಿಯನ್ನು ಸಾಕಿಕೊಂಡು ಇದ್ದಳು. ಅವಳು ಈ ಕೆಲಸ ಹಿಡಿಯುವ ಮುಂಚೆ ಹುಣಸೆಯೆಲ್ಲ ಟೀ ಅಂಗಡಿ ಸೀನಪ್ಪನ ಕೈಗೇ ಹೋಗಬೇಕಿತ್ತು, ಅವನು ಹೇಳಿದ್ದೇ ಬೆಲೆ. ಆ ಉರಿ ಅವನ ಹೊಟ್ಟೆಯಲ್ಲಿತ್ತು. ಒಂದು ಸಂಜೆ ಅವಳನ್ನೂ ಮಾಲನ್ನೂ ಹೊತ್ತ, ಬಾಡಿಗೆ ಓಡಿಸುವ ಮೂರ್ತಿಯ ಟೆಂಪೋ ದೇವರಾಯಸಮುದ್ರದ ಕೆರೆ ಕಟ್ಟೆಯ ಹತ್ತಿರ ಕೆಟ್ಟು ನಿಂತಿತು. ಗಂಗಾಲಕ್ಷ್ಮಿ ಆ ಊರಿನ ಆಂಜಿನಮ್ಮನ ಮನೆಯಲ್ಲಿ ಮಲಗಿದಳು, ಮೂರ್ತಿ ಮಾಲು ಕಾಯುತ್ತಾ ಟೆಂಪೋದಲ್ಲೇ ಉಳಿದ. ಬೆಳಿಗ್ಗೆ ಸೀನಪ್ಪನ ಅಂಗಡಿಯಲ್ಲಿ ಟೀ ಜೊತೆ ಬೇರೆಯದೇ ಸುದ್ದಿ ಬಂತು: ಇಬ್ಬರೂ ಮುಳಬಾಗಿಲಿನ ಲಾಡ್ಜಿನಲ್ಲಿದ್ದರಂತೆ. ಅವನ ಹೆಂಡತಿ ರಮಾದೇವಿ ಅದನ್ನು ಅಂಗಳಕ್ಕೆ ತಂದು ಸುರಿದಳು. ಹೆಂಗಸರು ತಲೆ ಎತ್ತದೆ ಕುಟ್ಟುತ್ತಾ ಹೂಂ, ಹೂಂ ಅಂದರು. ಬಿಸಿಲಿಳಿಯುವ ಮುಂಚೆ ಶಾಮಲಮ್ಮ ಎಸೆದ ಗಂಗಾಲಕ್ಷ್ಮಿಯ ಸೀರೆಗಂಟು ಜಗಲಿಗೆ ಬಂದು ಬಿತ್ತು. ಮಗಳು ಒಳಗೆ, ತಾಯಿ ಹೊರಗೆ.

ಕಣ್ಣಿಗೆ ಕಪ್ಪು ಕನ್ನಡಕ ಹಾಕಿಕೊಂಡು ವಾಪಸು ಬಂದ ಆವಲಮ್ಮನಿಗೆ ಮೊದಲು ಕಂಡದ್ದು ಗಂಗಾಲಕ್ಷ್ಮಿ ಕೂರುತ್ತಿದ್ದ ಖಾಲಿ ಜಾಗ. ನಡೆದದ್ದನ್ನು ಕೇಳಿದಳು. ನಾವೇನೂ ಹೇಳಲಿಲ್ಲಮ್ಮ, ಬರೀ ಹೂಂ ಅಂದ್ವಿ ಎಂದರು ಹೆಂಗಸರು.

“ಅದೇ ಕಣ್ರೇ ಮಾಡಿದ್ದು,” ಎಂದಳು ಆವಲಮ್ಮ. “ಅವನು ತಂದಿದ್ದು ಕೊಳೆತ ಹಣ್ಣು. ಉಪ್ಪು ಹಾಕಿ ಉಂಡೆ ಕಟ್ಟಿದೋರು ನೀವು.”

ಆವತ್ತು ಕಟ್ಟಿದ್ದ ಉಂಡೆಗಳೆಷ್ಟಿದ್ದವೋ ಅಷ್ಟನ್ನೂ ಅವರ ತಲೆಯ ಮೇಲೇ ಹೊರಿಸಿದಳು. ಕಣ್ಣನ್ನು ನೀರಿಗೆ ಒಡ್ಡಬಾರದು, ಬಗ್ಗಬಾರದು ಎಂದು ಡಾಕ್ಟರು ಹೇಳಿದ್ದರು. ಅವಳಿಗೆ ಆಗ ಯಾವ ಡಾಕ್ಟರೂ ನೆನಪಿರಲಿಲ್ಲ. ಸೀನಪ್ಪನ ಅಂಗಡಿ ಮುಂದೆ ಬುಟ್ಟಿಗಳನ್ನು ಒಂದೊಂದಾಗಿ ಕವುಚಿದಳು. ಬಸ್ಸಿಗೆ ಕಾಯುತ್ತಿದ್ದವರು ಸರಿದು ನಿಂತರು.

“ನಿನ್ನ ಕತೆ ಇದು. ನಿನ್ನ ಮಾಲು. ಇಟ್ಕೋ.”

ಸೀನಪ್ಪ ಟೀ ಎತ್ತಿ ಸುರಿಯುತ್ತಲೇ ನಕ್ಕ. “ಏಮಮ್ಮಾ, ಕತೆಗೂ ತೂಕ ಉಂಟಾ? ತಕ್ಕಡಿ ತರ್ಲಾ?”

“ತೂಕ ಇಲ್ದಿದ್ರೆ ಆ ಹುಡುಗಿ ಯಾಕ್ಲಾ ಎದ್ದು ನಿಲ್ಲೋಕಾಗ್ದೆ ಜಗಲಿ ಮೇಲೆ ಬಿದ್ದವ್ಳೆ? ನೀನೇ ಹೋಗಿ ಎತ್ತು ನೋಡಾನ.”

ಆವಲಮ್ಮ ಗಂಗಾಲಕ್ಷ್ಮಿಯ ಹತ್ತಿರ ಹೋಗಿ, ಆ ರಾತ್ರಿ ಯಾರ ಮನೆಯಲ್ಲಿದ್ದೆ ಎಂದಷ್ಟೇ ಕೇಳಿದಳು. ಅದೇ ಮೂರ್ತಿಯ ಟೆಂಪೋ ಕಳಿಸಿ ದೇವರಾಯಸಮುದ್ರದಿಂದ ಆಂಜಿನಮ್ಮನನ್ನು ಕರೆಸಿ, ಶಾಮಲಮ್ಮನ ಬಾಗಿಲ ಮುಂದೆ ಕೂರಿಸಿ, ಕಂಡದ್ದನ್ನು ಹೇಳು ಎಂದಳು. ಮೊದಲು ಯಾವ ಬಾಯಿ ಹೂಂ ಅಂದಿತ್ತೋ ಅದೇ ಬಾಯಿ ಈಗಲೂ ಅನ್ನಬೇಕು, ಕೇಳಿಸುವ ಹಾಗೆ.

ಆಂಜಿನಮ್ಮ ಹೇಳಿದಳು. ಹುಡುಗಿ ಬಂದು ಬಾಗಿಲು ತಟ್ಟಿದಳು. ಹೂಂ ಅಂದರು ಹೆಂಗಸರು. ಮುದ್ದೆ ಇಟ್ಟರೆ ಮುಟ್ಟಲಿಲ್ಲ, ಮನೆಗೊಂದು ಮಾತು ತಿಳಿಸಬೇಕು ಅಂದಳು. ಹೂಂ. ನನ್ನ ಫೋನಿನಿಂದಲೇ ಅತ್ತೆಗೆ ಮಾಡಿದಳು. ಅತ್ತೆ, ಕತ್ತಲಲ್ಲಿ ಬರಬೇಡ, ಅಲ್ಲೇ ಮಲಗು ಅಂದಳು, ನನಗೂ ಕೇಳಿಸಿತು.

ಇಲ್ಲಿ ಯಾರೂ ಹೂಂ ಅನ್ನಲಿಲ್ಲ. ಎಲ್ಲರೂ ಶಾಮಲಮ್ಮನ ಕಡೆ ತಿರುಗಿದರು.

ಅಂದರೆ ಈ ಮುದುಕಿಗೆ ಗೊತ್ತಿತ್ತು! ಲಾಡ್ಜಿನ ಮಾತು ಸುಳ್ಳೆಂದು ಊರಲ್ಲಿ ಬೇರೆ ಯಾರಿಗೂ ಇಲ್ಲದ ಸಾಕ್ಷಿ ಇವಳ ಕಿವಿಯಲ್ಲೇ ಇತ್ತು. ಇಟ್ಟುಕೊಂಡೇ ಗಂಟು ಎಸೆದಿದ್ದಳು. ಆವಲಮ್ಮ ಕನ್ನಡಕ ತೆಗೆದು ಕೆಂಪಗಿದ್ದ ಕಣ್ಣಲ್ಲೇ ಅವಳನ್ನು ನೋಡಿದಳು.

“ಫೋನು ಬಂದಿತ್ತು,” ಎಂದಳು ಶಾಮಲಮ್ಮ ಬಾಗಿಲಿಗೆ ಒರಗಿ. “ಊರೆಲ್ಲಾ ಒಂದೇ ಸಮ ಹೂಂ ಅನ್ನುವಾಗ ನಾನೊಬ್ಬಳು ಏನ್ ಅನ್ಲಿ? ನಂಗೇ ಅನುಮಾನ ಬಂತು, ಆ ಫೋನು ಕನಸೇನೋ ಅಂತ.” ಆಮೇಲೆ ಮೆಲ್ಲಗೆ ಹೂಂ ಅಂದಳು. ಬಗ್ಗಿ ಸೀರೆಗಂಟು ಎತ್ತಿಕೊಳ್ಳಲು ಹೋದಳು.

ಗಂಗಾಲಕ್ಷ್ಮಿ ಗಂಟಿನ ಮೇಲೆ ಕೈ ಇಟ್ಟಳು.

“ಹೂಂ ಸಾಲ್ದು ಅತ್ತೆ. ಅಂಗಡಿ ಮುಂದೆ ನಿಂತು ನೀವೇ ಹೇಳಿ. ಹೂಂ ನಾನು ಹಾಕ್ತೀನಿ.”

ಶಾಮಲಮ್ಮ ಹೋದಳು. ಸೆರಗಿನಲ್ಲಿ ಮುಖ ಮುಚ್ಚಿಕೊಳ್ಳಲು ನೋಡಿದರೆ ಆವಲಮ್ಮ ಬಿಡಲಿಲ್ಲ. ಚೆಲ್ಲಿದ ಹುಣಸೆಯ ಪಕ್ಕ ನಿಂತು ಫೋನಿನ ಮಾತಿನಿಂದ ಹಿಡಿದು ಗಂಟು ಎಸೆದ ತನಕ ಹೇಳಿದಳು. ಮಾತು ಮಾತಿಗೂ ಗಂಗಾಲಕ್ಷ್ಮಿ ಹೂಂ ಅಂದಳು, ಕಲ್ಲಿನ ಮೇಲೆ ಕೊಡತಿ ಬಿದ್ದ ಹಾಗೆ. ಬಸ್ಸಿಗೆ ಕಾಯುತ್ತಿದ್ದವರೂ ಒಬ್ಬೊಬ್ಬರಾಗಿ ಸೇರಿಕೊಂಡರು. ಹೇಳಿ ಮುಗಿದ ಮೇಲೆ ಗಂಗಾಲಕ್ಷ್ಮಿ ತನ್ನ ಗಂಟನ್ನು ತಾನೇ ಎತ್ತಿಕೊಂಡು ಮನೆಯೊಳಗೆ ಹೋದಳು. ಅತ್ತೆಯ ಜೊತೆ ಇವತ್ತಿಗೂ ಎಷ್ಟು ಬೇಕೋ ಅಷ್ಟೇ ಮಾತು.

ಸೀನಪ್ಪ ಹೂಂ ಅನ್ನಲಿಲ್ಲ, ತಪ್ಪಾಯಿತು ಎಂದೂ ಅನ್ನಲಿಲ್ಲ. ಆ ಹುಣಸೆಯನ್ನು ಯಾರೂ ಮುಟ್ಟಲಿಲ್ಲ. ಕೊನೆಗೆ ಅವನೇ ಬಾಚಿ ಚರಂಡಿಗೆ ಹಾಕಿದ. ಅವನ ಅಂಗಡಿಯಲ್ಲಿ ಟೀ ಈಗಲೂ ಚೆನ್ನಾಗಿರುತ್ತದೆ, ಜನ ಕುಡಿಯುತ್ತಾರೆ. ಅವನು ಮಾತು ತೆಗೆದಾಗ ಮಾತ್ರ ಲೋಟದೊಳಗೆ ನೋಡುತ್ತಾರೆ. ಅವನು ಹೇಳುತ್ತಾನೆ, ನಿಲ್ಲಿಸಿ ಒಂದು ಹೂಂಗೆ ಕಾಯುತ್ತಾನೆ, ಮತ್ತೆ ಹೇಳುತ್ತಾನೆ. ಎದುರಿನ ಕಟ್ಟೆಯ ಮೇಲೆ ಆವಲಮ್ಮ ತುಟಿ ಬಿಗಿದು ಕೂತಿರುತ್ತಾಳೆ.