ಗೆಣ್ಣಿನ ಮೇಲಿನ ಎಣಿಕೆ

ನಾರ್ತ್ ಯಾರ್ಕಿನ ನಮ್ಮ ಕಟ್ಟಡದಲ್ಲಿ ಎದುರು ಮನೆಯವರು ಬೆಳಗಾವಿಯವರು. ಆರ್ಕೆಸ್ಟ್ರಾದಲ್ಲಿ ಹಾರ್ನ್ ಎಂಬ ಹಿತ್ತಾಳೆಯ ವಾದ್ಯ ಊದುತ್ತಿದ್ದರು, ಸ್ವಂತ ಸಂಗೀತವನ್ನೂ ಬರೆಯುತ್ತಿದ್ದರು. ಅಲ್ಲಿ ಊದುವುದಕ್ಕಿಂತ ತಮ್ಮ ಸರದಿಗೆ ಕಾಯುವುದೇ ಹೆಚ್ಚಂತೆ. ಅಷ್ಟು ಹೊತ್ತೂ ಹೆಬ್ಬೆರಳಿನಿಂದ ಬೆರಳ ಗೆಣ್ಣು ಮುಟ್ಟುತ್ತ ತಾಳದ ಸುತ್ತು ಎಣಿಸುತ್ತಿರಬೇಕು. ಲಿಫ್ಟಿನಲ್ಲಿ ಮಾತಾಡಿಸಿದರೂ, "ತಡೀರಿ, ಎಣಸಾಕತ್ತೀನಿ" ಎನ್ನುತ್ತಿದ್ದರು. ಇದೆಂಥ ಜಂಬ ಎಂದುಕೊಳ್ಳುತ್ತಿದ್ದೆ.

ಒಮ್ಮೆ ಹತ್ತಿರದ ಅರೋರಾ ಊರಿನ ಚರ್ಚೊಂದರಲ್ಲಿ ಅವರು ಬರೆದ ಸಂಗೀತವನ್ನು ಅವರದೇ ಆರ್ಕೆಸ್ಟ್ರಾ ಮೊದಲ ಬಾರಿ ನುಡಿಸಿತು. ಅವರು ಮಾತ್ರ ಚಳಿಗಾಲದ ಕೋಟನ್ನು ಮಡಿಲಲ್ಲಿಟ್ಟುಕೊಂಡು ನನ್ನ ಪಕ್ಕ ಕೂತಿದ್ದರು.

"ಹಾರ್ನಿಗೆ ಏನೂ ಬರೀಲಿಲ್ವಾ?" ಎಂದೆ.

"ಬರದ್ರ ಮತ್ತ ಎಣಸಬೇಕಾಗ್ತದ. ಒಮ್ಮೆರೆ ಸುಮ್ನ ಕೂತು ಕೇಳಬೇಕಂತ ಇತ್ರಿ."

ಕೋಟಿನ ಮೇಲೆ ಅವರ ಹೆಬ್ಬೆರಳು ಗೆಣ್ಣಿಂದ ಗೆಣ್ಣಿಗೆ ಸರಿಯುತ್ತಲೇ ಇತ್ತು.