ರಬ್ಬರು ಮುಟ್ಟದ ಎರಡು ಪುಟ

ನನಗೆ ಸಿಟ್ಟು ಮೂಗಿನ ತುದಿಯಲ್ಲೇ ಇರುತ್ತದೆ ಅಂತ ನಮ್ಮ ಮನೆಯವರೂ ಹೇಳುತ್ತಾರೆ, ಶಾಲೆಯ ಮಕ್ಕಳೂ ಹೇಳುತ್ತಾರೆ. ಇಲ್ಲ ಅನ್ನುವುದಿಲ್ಲ. ಆದರೆ ಆ ಬುಧವಾರ ಬೈಯುವುದಕ್ಕೆ ನನ್ನನ್ನು ಬಿಟ್ಟು ಇನ್ನೊಬ್ಬರು ಸಿಗಲಿಲ್ಲ.

ನನ್ನ ಮನೆ ಕೊಳ್ಳೇಗಾಲದಲ್ಲಿ, ಕೆಲಸ ಯಳಂದೂರಿನಾಚೆಯ ಒಂದು ಹಳ್ಳಿಯ ಸರ್ಕಾರಿ ಪ್ರಾಥಮಿಕ ಶಾಲೆಯಲ್ಲಿ. ಎರಡು ವರ್ಷದ ಹಿಂದೆ ಶಾಲೆಯ ಬೀರು ಖಾಲಿ ಮಾಡುವಾಗ ಗೆದ್ದಲು ತಿಂದ ಒಂದನೇ ತರಗತಿಯ ಹಳೇ ಪುಸ್ತಕವೊಂದು ಸಿಕ್ಕಿತು. ಅಲ್ಲಿಂದ ನನಗೆ ಹುಚ್ಚು ಹಿಡಿಯಿತು. ಮದುವೆಗೆ ಹೋಗಲಿ, ತಿಥಿಗೆ ಹೋಗಲಿ, ಎಲೆ ಮುಂದೆ ಕೂತಾಗಲೂ "ನಿಮ್ಮ ಮನೆಯಲ್ಲಿ ಹಳೇ ಶಾಲೆ ಪುಸ್ತಕ ಏನಾದರೂ ಇದೆಯಾ?" ಅಂತ ಕೇಳುವುದೇ ಕೆಲಸವಾಯಿತು. ಹನೂರಿನ ಕಡೆಯ ಒಬ್ಬ ತಾತ ಪುಸ್ತಕಕ್ಕೂ ಹಿಂದಿನ ಕಥೆ ಹೇಳಿದರು. ಜಗಲಿಯ ಮೇಲೆ ಮರಳು ಹರಡಿ, ಮಗುವಿನ ಬೆರಳು ಹಿಡಿದು ಮೇಷ್ಟ್ರು ತಿದ್ದಿಸುತ್ತಿದ್ದರಂತೆ, ಬೆಳಿಗ್ಗೆ ಕನ್ನಡ, ಮಧ್ಯಾಹ್ನ ತಮಿಳು. "ಬೆರಳು ಉರಿಯೋದು ಕಣವ್ವ. ಆದ್ರೆ ಅಂಗೆ ಕಲ್ತಿದ್ದು ಇವತ್ಗೂ ಮರ್ತಿಲ್ಲ" ಅಂದರು.

ಇದನ್ನೆಲ್ಲ ಸೇರಿಸಿ ವರ್ಷದ ಕೊನೆಯಲ್ಲಿ ಶಾಲೆಯಲ್ಲಿ ಒಂದು ಪ್ರದರ್ಶನ ಮಾಡುವುದೆಂದು ಹೊರಟೆ. ಹಳೇ ಪುಸ್ತಕಗಳ ಚಿತ್ರಗಳಲ್ಲಿ ಹುಡುಗನ ಕೈಯಲ್ಲಿ ಸ್ಲೇಟು, ಹುಡುಗಿಯ ಸೊಂಟದಲ್ಲಿ ಕೊಡ. ಪುಟ ತಿರುವಿದಷ್ಟೂ ಅದೇ. ಅದರ ಬಗ್ಗೆ ಊರವರ ಮುಂದೆ ನಾಲ್ಕು ಮಾತು ಬಿಗಿಯಾಗಿ ಆಡಬೇಕು ಅಂತ ನನ್ನ ಆಸೆ. ಅದಕ್ಕೆ ಗಟ್ಟಿಯಾಗಿ ಉಳಿದಿರುವ ಒಂದು ಪುಸ್ತಕ ಬೇಕಿತ್ತು.

ಅದು ನಮ್ಮ ಹಿಂದಿನ ಬೀದಿಯಲ್ಲೇ ಇತ್ತು. ರೇಷ್ಮೆ ಸೀರೆ ನೇಯುವ ಮನೆ. ಎಂಬತ್ತರ ಹತ್ತಿರದ ಅಜ್ಜಿ ಈಗಲೂ ರಾಟೆ ಮುಂದೆ ಕೂತು ಮಗನ ಮಗ್ಗಕ್ಕೆ ನೂಲು ಸುತ್ತಿಕೊಡುತ್ತಾರೆ. ಅಜ್ಜಿಯ ಮೊದಲನೇ ಮಗಳು ಒಂದನೇ ತರಗತಿಯಲ್ಲಿದ್ದಾಗ ಜ್ವರ ಬಂದು ತೀರಿಕೊಂಡಳು. ಐವತ್ತು ವರ್ಷದ ಮೇಲಾಗಿದೆ. ಆಗೆಲ್ಲ ಆರು ವರ್ಷದ ಹುಡುಗಿಗೆ ಫೋಟೋ ಯಾರು ತೆಗೆಸುತ್ತಿದ್ದರು? ಬಟ್ಟೆ ಯಾರಿಗೋ ಕೊಟ್ಟರು, ಸ್ಲೇಟು ಒಡೆಯಿತು. ಉಳಿದದ್ದು ಅವಳ ಪುಸ್ತಕ. ಅಪ್ಪ ರೇಷ್ಮೆ ನೂಲಿನಲ್ಲಿ ಹೊಲಿದುಕೊಟ್ಟಿದ್ದ ಪುಸ್ತಕದ ತುಂಬ, ಚಿತ್ರದ ಕೆಳಗೆ, ಅಂಚಿನಲ್ಲಿ, ಸಾಲುಗಳ ನಡುವೆ ಆ ಮಗು ಪೆನ್ಸಿಲಿನಲ್ಲಿ ಬರೆದಿತ್ತು. ಅಜ್ಜಿ ಅದನ್ನು ಸೀರೆಯ ತುಂಡಿನಲ್ಲಿ ಸುತ್ತಿ ಟ್ರಂಕಿನಲ್ಲಿಟ್ಟಿದ್ದರು. ಶುಕ್ರವಾರ ದೀಪ ಹಚ್ಚುವಾಗ ಹೊರಗೆ ತೆಗೆದು ಪಕ್ಕದಲ್ಲಿಟ್ಟುಕೊಳ್ಳುತ್ತಿದ್ದರು.

ಕೊಡುವುದಿಲ್ಲ ಅಂದರು. ನಾನು ಬಿಡಬೇಕಲ್ಲ! ಗಾಜಿನ ಪೆಟ್ಟಿಗೆಯಲ್ಲಿಡುತ್ತೇನೆ, ಯಾರ ಕೈಗೂ ಕೊಡುವುದಿಲ್ಲ, ಮೂರೇ ದಿನ ಅಂತ ಗೋಗರೆದೆ. ಅವರ ಮಗನನ್ನೂ ನನ್ನ ಕಡೆ ಎಳೆದುಕೊಂಡೆ. ಕೊನೆಗೆ ಅಜ್ಜಿ ಪುಸ್ತಕವನ್ನು ನನ್ನ ಎರಡೂ ಕೈಗಿಟ್ಟರು.

"ನೋಡಿ ಮೇಷ್ಟ್ರಮ್ಮ, ನಂಗೆ ಓದಕ್ಕೆ ಬರಾಕಿಲ್ಲ. ಆದ್ರೂ ನಂಗೆ ಅವ್ಳದು ಅಂತ ಇರೋದು ಇದೊಂದೆಯಾ. ಗುರುವಾರ ಸಂಜೆ ನನ್ ಕೈಲಿರ್ಬೇಕು."

"ಇರುತ್ತೆ ಅಜ್ಜಿ, ನನ್ನ ಜೀವದ ಹಾಗೆ ನೋಡಿಕೊಳ್ಳುತ್ತೇನೆ" ಅಂದೆ. ಮಾತಿಗೇನು ಬರ.

ನಮ್ಮ ಶಾಲೆಯಲ್ಲೊಂದು ಪದ್ಧತಿ ಇದೆ, ಪುಸ್ತಕ ಬ್ಯಾಂಕು. ವರ್ಷ ಮುಗಿಯುವಾಗ ಮಕ್ಕಳಿಂದ ಆ ವರ್ಷದ ಪುಸ್ತಕ ವಾಪಸು ತೆಗೆದುಕೊಳ್ಳುತ್ತೇವೆ. ಹೊಸ ಪುಸ್ತಕ ಬರುವುದು ತಡವಾದರೆ ಜೂನಿನಲ್ಲಿ ಅವನ್ನೇ ಹಂಚುವುದು. ಕೊಡುವ ಮೊದಲು ಮಕ್ಕಳೇ ಕೂತು ಪೆನ್ಸಿಲಿನ ಗೀಚನ್ನೆಲ್ಲ ರಬ್ಬರಿನಿಂದ ಅಳಿಸಿ, ಹರಿದದ್ದನ್ನು ಅಂಟಿಸಿ, ಹೊಸ ರಟ್ಟು ಹಾಕಬೇಕು. ಇದನ್ನು ಶುರು ಮಾಡಿದವಳು ನಾನೇ. "ಒಂದು ಗೆರೆ ಉಳಿಯಕೂಡದು. ಮುಂದಿನ ಮಗು ಕೈಗೆ ತಗೊಂಡರೆ ಹೊಸದು ಅನ್ನಿಸಬೇಕು" ಅಂತ ಪ್ರತಿ ವರ್ಷ ತಲೆಯ ಮೇಲೆ ನಿಂತು ಹೇಳುತ್ತೇನೆ. ಎಲ್ಲಕ್ಕಿಂತ ಗಲೀಜು ಪುಸ್ತಕವನ್ನು ಚೊಕ್ಕಟ ಮಾಡಿದವರಿಗೆ ಚಾಕಲೇಟು ಬೇರೆ.

ಆ ಬುಧವಾರ ನಾಲ್ಕನೇ ತರಗತಿಯವರು ನೆಲದ ಮೇಲೆ ರಾಶಿ ಹಾಕಿಕೊಂಡು ಅಳಿಸುತ್ತಿದ್ದರು. ಪಕ್ಕದ ಹೈಸ್ಕೂಲಿನಿಂದ ಗಾಜಿನ ಪೆಟ್ಟಿಗೆ ಇನ್ನೂ ಬಂದಿರಲಿಲ್ಲ. ನಾನು ಅಜ್ಜಿಯ ಪುಸ್ತಕವನ್ನು ಮೇಜಿನ ಮೇಲಿಟ್ಟಿದ್ದೆ. ಅಷ್ಟರಲ್ಲಿ ಹೆಡ್ ಮಾಸ್ಟರು ಕರೆದರು, ಕಂಪ್ಯೂಟರಿನಲ್ಲಿ ಅಂಕ ತುಂಬಿಸಬೇಕು, ನೆಟ್‌ವರ್ಕ್ ಈಗ ಬಂದಿದೆ, ಬೇಗ ಬನ್ನಿ ಅಂತ. ಓಡಿದೆ. ಒಂದು ಗಂಟೆ ಅಲ್ಲೇ ಕಳೆಯಿತು.

ತಿರುಗಿ ಬಂದಾಗ ನಾಲ್ಕು ಹುಡುಗಿಯರು ತಲೆಗೆ ತಲೆ ತಾಗಿಸಿ ಕೂತಿದ್ದರು. ಮಧ್ಯದಲ್ಲಿದ್ದವಳು ನಾಲಿಗೆ ತುದಿ ಕಚ್ಚಿಕೊಂಡು ಗಸಗಸ ಉಜ್ಜುತ್ತಿದ್ದಳು.

"ಮಿಸ್, ಈ ಪುಸ್ತಕ ಬಲೇ ಗಲೀಜಾಗಿತ್ತು ಮಿಸ್. ಇನ್ನ ಎರಡೇ ಪುಟ ಐತೆ, ಮುಗಿಸ್ಬುಡ್ತೀನಿ."

ಅವಳ ತೊಡೆಯ ಮೇಲೆ ರೇಷ್ಮೆ ನೂಲಿನ ಹೊಲಿಗೆ ಕಂಡಿತು. ಕಿತ್ತುಕೊಂಡೆ. ಮೊದಲನೇ ಪುಟ ಖಾಲಿ, ಎರಡನೆಯದು ಖಾಲಿ. ಪುಟ ಪುಟ ತಿರುವಿದೆ. ಅವಳು ಹೇಳಿದ ಎರಡು ಪುಟ ಬಿಟ್ಟರೆ ಬರೀ ಅಚ್ಚಿನ ಅಕ್ಷರ, ಚಿತ್ರ, ಬಿಳಿಚಿಕೊಂಡ ಅಂಚು, ಅಷ್ಟೇ. ನನ್ನ ಕೈ ಮೇಲಕ್ಕೆದ್ದಿತ್ತು, ಅದನ್ನು ಮುಚ್ಚಿಡುವುದಿಲ್ಲ. ಹುಡುಗಿಯ ಮುಖ ನೋಡಿ ಹಾಗೇ ಇಳಿಯಿತು.

"ತಪ್ಪಾಯ್ತಾ ಮಿಸ್?"

"ಇಲ್ಲ. ತಪ್ಪು ನಂದು. ಎದ್ದು ಹೋಗು ಆಚೆಗೆ" ಅಂದೆ. ಅವಳು ಅಳುತ್ತಾ ಹೋದಳು. ಥೂ, ಸಮಾಧಾನ ಮಾಡುವ ಮಾತು ಕೂಡ ನನ್ನ ಬಾಯಲ್ಲಿ ನೆಟ್ಟಗೆ ಬರುವುದಿಲ್ಲ.

ಅಳಿಸಿದ ಪುಟಗಳನ್ನು ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದು ನೋಡಿದೆ, ಪೆನ್ಸಿಲು ಒತ್ತಿದ ಗುರುತಾದರೂ ಇದೆಯೇನೋ ಅಂತ. ಹಳೇ ಕಾಗದ ಉಜ್ಜಿ ಉಜ್ಜಿ ನಾರೆದ್ದಿತ್ತು, ಎರಡು ಕಡೆ ತೂತು. ಒಂದಕ್ಷರ ಸಿಗಲಿಲ್ಲ. ಮೊಬೈಲಿನಲ್ಲಿ ಫೋಟೋ ತೆಗೆದಿರಲಿಲ್ಲವಾ ಅಂತ ನೀವು ಕೇಳಬಹುದು. ತೆಗೆದಿದ್ದೆ. ರಟ್ಟಿನದು ಒಂದು, ಕೊಡ ಹೊತ್ತ ಹುಡುಗಿಯ ಚಿತ್ರದ್ದು ಒಂದು. ಚಿತ್ರ ಚೊಕ್ಕವಾಗಿ ಬರಲಿ ಅಂತ ಪೆನ್ಸಿಲಿನ ಗೀಚು ಬೀಳದ ಹಾಗೆ ಹತ್ತಿರ ಹಿಡಿದು ತೆಗೆದಿದ್ದೆ.

ಜೊತೆಯ ಟೀಚರು ನನ್ನ ಅವಸ್ಥೆ ನೋಡಲಾರದೆ ಬಾಗಿಲು ಮುಚ್ಚಿ ಹೇಳಿದರು. "ಅಜ್ಜಿಗೆ ಓದಕ್ಕೆ ಬರಲ್ಲ ತಾನೇ? ಒಂದನೇ ಕ್ಲಾಸಿನ ಮಗು ಕೈಲಿ ಏನಾದ್ರೂ ಬರೆಸಿ ಕೊಟ್ಟುಬಿಡಿ. ಯಾರಿಗೆ ಗೊತ್ತಾಗುತ್ತೆ?"

ನಾನು ಒಳ್ಳೆಯವಳು ಅಂತ ತೋರಿಸಿಕೊಳ್ಳಲು ಇದನ್ನು ಬರೆಯುತ್ತಿಲ್ಲ. ನಾನು ಪೆನ್ಸಿಲು ಕೆತ್ತಿದೆ. ಮೊನೆ ದಪ್ಪಗಿರಲಿ ಅಂತ ಹಲಗೆಗೆ ಉಜ್ಜಿ ಸರಿ ಕೂಡ ಮಾಡಿದೆ. ಆಮೇಲೆ ಶುಕ್ರವಾರ ಅಜ್ಜಿ ದೀಪದ ಮುಂದೆ ಯಾರದೋ ಮಗುವಿನ ಅಕ್ಷರವನ್ನು ಸವರುತ್ತಾ ಕೂರುವುದು ಕಣ್ಣ ಮುಂದೆ ಬಂತು. ಪೆನ್ಸಿಲನ್ನು ಡ್ರಾಯರಿಗೆಸೆದೆ. ಇಡೀ ರಾತ್ರಿ ನಿದ್ದೆ ಹತ್ತಲಿಲ್ಲ.

ಗುರುವಾರ ಪ್ರದರ್ಶನ ನಡೆಯಿತು. ಮರಳಿನ ಬಗ್ಗೆ ಹೇಳಿದೆ, ಸ್ಲೇಟಿನ ಬಗ್ಗೆ ಹೇಳಿದೆ, ಕೊಡ ಹೊತ್ತ ಹುಡುಗಿಯ ಬಗ್ಗೆಯೂ ಹೇಳಿದೆ. ಜನ ಚಪ್ಪಾಳೆ ತಟ್ಟಿದರು. ಗಾಜಿನ ಪೆಟ್ಟಿಗೆ ಖಾಲಿ ಕೂತಿತ್ತು. ಸಂಜೆ ಕೊಳ್ಳೇಗಾಲದ ಬಸ್ಸಿನಲ್ಲಿ ಚೀಲವನ್ನು ಎದೆಗೆ ಅವುಚಿಕೊಂಡು ನಿಂತೇ ಬಂದೆ. ಯಾರೋ ಎದ್ದು ಸೀಟು ಕೊಟ್ಟರೂ ಕೂರಲಿಲ್ಲ. ನಾಳೆ ಕೊಡೋಣ, ಜ್ವರ ಅಂತ ಹೇಳಿ ಕಳಿಸೋಣ ಅಂತ ನೂರು ಸಲ ಅಂದುಕೊಂಡೆ. ಹಿಂದಿನ ಬೀದಿಗೆ ತಿರುಗಿದರೆ ಅಜ್ಜಿ ಜಗಲಿಯ ಮೇಲೆ ಆಗಲೇ ಬಂದು ಕೂತಿದ್ದರು.

"ತಂದ್ರಾ ಮೇಷ್ಟ್ರಮ್ಮ?"

ಅವರು ಬಿಚ್ಚುವ ಮೊದಲೇ ಹೇಳಿಬಿಟ್ಟೆ. "ಅಜ್ಜಿ, ಮಗು ಬರೆದಿದ್ದೆಲ್ಲ ಅಳಿಸಿಹೋಗಿದೆ. ನಮ್ಮ ಶಾಲೆ ಮಕ್ಕಳು ಗೊತ್ತಿಲ್ಲದೆ ರಬ್ಬರು ಹಾಕಿಬಿಟ್ಟರು. ಅವರದೇನೂ ತಪ್ಪಿಲ್ಲ. ನಾನು ಎಲ್ಲೆಂದರಲ್ಲಿ ಇಟ್ಟು ಹೋಗಿದ್ದೆ."

ಒಳಗೆ ಮಗ್ಗದ ಸದ್ದು ನಿಂತಿತು. ಮಗ ಹೊರಗೆ ಬಂದ. ಅಜ್ಜಿ ಪುಸ್ತಕ ಬಿಚ್ಚಿ ಒಂದೊಂದೇ ಪುಟ ತಿರುವತೊಡಗಿದರು. ಬೈದಿದ್ದರೆ ಬದುಕಿಕೊಳ್ಳುತ್ತಿದ್ದೆ.

"ಎಂತಾ ಕೆಲ್ಸ ಮಾಡ್ಬುಟ್ರಿ ಮೇಡಂ! ಓದ್ದೋರು ನೀವು" ಅಂದ ಮಗ.

"ಸುಮ್ಕಿರ್ಲಾ" ಅಂದರು ಅಜ್ಜಿ.

ರಬ್ಬರು ಮುಟ್ಟದ ಎರಡು ಪುಟ ಬಂದಾಗ ಅವರ ಕೈ ನಿಂತಿತು. "ಇವೆರಡು ಉಳಿದಿವೆ ಅಜ್ಜಿ" ಅಂದೆ, ಏನೋ ಉಪಕಾರ ಮಾಡಿದವಳ ಹಾಗೆ.

"ಇದ್ನೇ ಯಾಕವ್ವಾ ಉಳ್ಸುದ್ರಿ?" ಅಂದರು ಅಜ್ಜಿ. "ಈ ಪುಟವ ನಾನು ಒಂದಿನಾನೂ ತಗ್ದು ನೋಡಿಲ್ಲ ಕಣವ್ವ. ಇದ್ಕಿಂತ ಮುಂಚಿನ್ ಪುಟಗಳ್ನೇ ನೋಡಿ ನೋಡಿ ಮುಚ್ಚಿಬುಡ್ತಿದ್ದೆ. ಇದು ಅವ್ಳು ಜ್ವರ ಬಂದು ಚಾಪೆ ಮ್ಯಾಲೆ ಮನಗಿದ್ದಾಗ ಬರ್ದಿದ್ದು. ನಾನು ಮಗ್ಗದ್ ತಾವಿದ್ದೆ, ಯಾರ್ದೋ ಮದ್ವೆ ಸೀರೆ ಮುಗಿಸ್ಬೇಕಾಗಿತ್ತು. ಅವ್ವಾ ಅಂತ ಮೂರ್ ಸಲ ಕೂಗುದ್ಲು. ಇರು ಬತ್ತೀನಿ ಅಂದೆ. ಬಂದು ನೋಡ್ತೀನಿ, ಈ ಪುಟ ತಗ್ದಿದ್ದಂಗೇ ಪುಸ್ತಕ ಎದೆ ಮ್ಯಾಲೆ ಇಕ್ಕಂಡು ಮನಗವ್ಳೆ. ಮಾರ್ನೆ ದಿನ ಕಣ್ಣೇ ಬುಡ್ನಿಲ್ಲ."

ಸೆರಗಿನಿಂದ ಮೂಗೊರೆಸಿಕೊಂಡರು. "ಕೂಗಿ ಕೂಗಿ ಸಾಕಾಗಿ ನನ್ನ ಬಯ್ದು ಬರ್ದವ್ಳೇನೋ ಅಂತ ಎದ್ರಿ, ಯಾರ್ ಕೈಲೂ ಓದಿಸ್ನಿಲ್ಲ. ಇದೊಂದೇ ಅಲ್ಲ, ಪುಸ್ತಕದ ಒಂದು ಪುಟಾನೂ ಓದಿಸ್ನಿಲ್ಲ. ಓದೋರು ಇದ್ನೂ ಓದ್ಬುಟ್ರೆ ಅಂತ. ಈಗ ಓದಿ ಮೇಷ್ಟ್ರಮ್ಮ. ಇರೋದ ಇದ್ದಂಗೆ ಓದಿ."

ಪುಸ್ತಕ ಕಣ್ಣಿನ ಹತ್ತಿರ ಹಿಡಿದೆ. ಸೊಟ್ಟ ಅಕ್ಷರ, ಕೆಳಕ್ಕೆ ಜಾರಿದ ಸಾಲು.

"ಮಳೆ ಬಂತು. ಕೊಡೆ ತಾ" ಅಂತ ಓದಿದೆ.

"ಆಮೇಕೆ?"

"ಮಳೆ ಬಂತು. ಕೊಡೆ ತಾ. ಅದೇ ಅಜ್ಜಿ, ಎರಡೂ ಪುಟದಲ್ಲಿ ಅದನ್ನೇ ಬರೆದಿದ್ದಾಳೆ. ಮೇಲೆ ಅಚ್ಚಾಗಿರುವ ಪಾಠ ನೋಡಿಕೊಂಡು ಬರೆದಿದ್ದಾಳೆ. ಕೊನೇ ಸಾಲು ಅರ್ಧಕ್ಕೆ ನಿಂತಿದೆ."

"ನನ್ನ ಬಗ್ಗೆ?"

"ಏನೂ ಇಲ್ಲ."

"ನಿಜ ಏಳಿ."

"ನಿಜ ಅಜ್ಜಿ. ಬರೀ ಪಾಠ."

ಅಜ್ಜಿ ಮಗನ ಮುಖ ನೋಡಿದರು. ಅವನು ಬಗ್ಗಿ ಓದಿಕೊಂಡು, "ಊಂ ಅವ್ವ, ಪಾಠವೇಯಾ" ಅಂದ. ಅಜ್ಜಿ ಗೋಡೆಗೊರಗಿ ಬಿಕ್ಕಿ ಬಿಕ್ಕಿ ಅತ್ತರು. ಅಳುತ್ತಲೇ, "ಪಾಟ ಬರೀತಿದ್ಲಾ ನನ್ ಕಂದ, ಪಾಟ ಬರೀತಿದ್ಲಾ" ಅಂತ ಮತ್ತೆ ಮತ್ತೆ ಅಂದರು. ನನಗೂ ತಡೆಯಲಾಗಲಿಲ್ಲ.

ಸ್ವಲ್ಪ ಹೊತ್ತಾದ ಮೇಲೆ ಕಣ್ಣೊರೆಸಿಕೊಂಡು ಸರಿಯಾಗಿ ಕೂತರು. ಐವತ್ತು ವರ್ಷ ಹೊತ್ತಿದ್ದನ್ನು ಆಗ ತಾನೇ ಇಳಿಸಿದವರ ಮುಖ ಅದು. ಪುಸ್ತಕದ ಮೊದಲನೇ ಪುಟ ತೆಗೆದು, ಆಸೆಯಿಂದ ನನ್ನ ಮುಂದೆ ಸರಿಸಿದರು.

"ಅಂಗಾರೆ ಇದ್ರಲ್ಲಿ ಏನ್ ಬರ್ದಿದ್ಲು? ಇದ್ರಲ್ಲೆಲ್ಲಾ ಏನೇನ್ ಬರ್ದಿದ್ಲು ಏಳಿ ಮೇಷ್ಟ್ರಮ್ಮ. ಅಳ್ಸೋಕ್ ಮುಂಚೆ ನಿಮ್ ತಾವೇ ಇತ್ತಲ್ಲ, ಓದಿರ್ತೀರಿ. ಇನ್ನ ಎದ್ರಿಕೆ ಇಲ್ಲ, ಕೇಳ್ತೀನಿ."

ಆ ಪುಸ್ತಕದ ಅಚ್ಚು ಯಾವ ಕಾಲದ್ದು ಅಂತ ಹೇಳಬಲ್ಲೆ. ಹೊಲಿಗೆ ಎಷ್ಟು ಎಳೆಯದು, ಎಷ್ಟು ಚಿತ್ರದಲ್ಲಿ ಹುಡುಗಿ ಇದ್ದಾಳೆ, ಎಷ್ಟರಲ್ಲಿ ಅವಳ ಕೈಯಲ್ಲಿ ಸ್ಲೇಟಿಲ್ಲ, ಎಲ್ಲ ಹೇಳಬಲ್ಲೆ. ಆ ಮಗು ಬರೆದದ್ದನ್ನು ಒಂದು ಸಾಲೂ ಓದಿರಲಿಲ್ಲ.

"ನಾನು ಓದಿಲ್ಲ ಅಜ್ಜಿ" ಅಂದೆ.

ಮಗ್ಗದ ಸದ್ದಿನಲ್ಲೇ ಆಯಸ್ಸು ಕಳೆದ ಕಿವಿ. ಅಜ್ಜಿ ಇನ್ನಷ್ಟು ಹತ್ತಿರ ಸರಿದು, "ಏನಂದ್ರಿ? ಜೋರಾಗ್ ಏಳಿ" ಅಂದರು.

ಇನ್ನೊಂದು ಸಲ ಹೇಳಬೇಕಾಯಿತು.