ಸೊಸೆಯ ಕೈ, ಅತ್ತೆಯ ನಾಲಿಗೆ

ಇನ್ನೂ ಸರಿಯಾಗಿ ಬೆಳಕು ಹರಿದಿಲ್ಲ. ಒಂದೇ ಕಿಟಕಿಯ ಅಡುಗೆಮನೆಯಲ್ಲಿ ಪಲ್ಯದಕ್ಕ ಹೀರೆಕಾಯಿಯ ಏಣು ಹೆರೆಯುತ್ತಿದ್ದಾರೆ. ತುದಿಯಿಂದ ತೆಳ್ಳಗೆ ಒಂದು ಚೂರು ಕೊಯ್ದು, ಪಕ್ಕದಲ್ಲಿ ಗೋಡೆಗೊರಗಿ ತೂಕಡಿಸುತ್ತಿರುವ ಅತ್ತೆಯ ಬಾಯಿಗಿಡುತ್ತಾರೆ. ಅತ್ತೆ ಕಣ್ಣು ಬಿಡುವುದಿಲ್ಲ, ದವಡೆ ಮಾತ್ರ ಆಡುತ್ತದೆ. 'ಹೂಂ' ಅಂದರೆ ಕಾಯಿ ಪಾತ್ರೆಗೆ, 'ಥೂ' ಅಂದರೆ ಕಸದ ಡಬ್ಬಿಗೆ. ಪ್ರತಿಯೊಂದು ಕಾಯಿಗೂ ಇದೇ ಪರೀಕ್ಷೆ.

ಪಲ್ಯದಕ್ಕ ಎಂಬುದು ಬಸ್ ಡಿಪೋದವರು ಇಟ್ಟ ಹೆಸರು. ಮೊದಲ ಪಾಳಿಯ ಡ್ರೈವರುಗಳು, ಕಂಡಕ್ಟರುಗಳು, ಬಸ್ಸು ತೊಳೆಯುವ ಹೆಂಗಸರು ಅನ್ನವನ್ನೋ ರೊಟ್ಟಿಯನ್ನೋ ಮನೆಯಿಂದ ಕಟ್ಟಿಕೊಂಡು ಬರುತ್ತಾರೆ. ಆ ಹೊತ್ತಿಗೆ ಪಲ್ಯ ಮಾಡಲು ಯಾರಿಗೆ ಪುರಸೊತ್ತು? ಅದಕ್ಕೇ ಈ ಮನೆಯ ಬಾಗಿಲಲ್ಲಿ ಡಬ್ಬಿ ಹಿಡಿದು ನಿಲ್ಲುತ್ತಾರೆ. ಮಸಾಲೆ ಹಾಕಿದ ಹೀರೆಕಾಯಿ ಪಲ್ಯವಿದ್ದ ದಿನ ತಡವಾಗಿ ಬಂದವರಿಗೆ ಪಾತ್ರೆಯ ತಳವೇ ಗತಿ.

ಇಷ್ಟು ಜನಕ್ಕೆ ರುಚಿ ಹತ್ತಿಸಿದ ಈಕೆಗೆ ರುಚಿಯೇ ತಿಳಿಯುವುದಿಲ್ಲ ಎಂದರೆ ನಂಬುತ್ತೀರಾ? "ಹೋದ ವರ್ಷ ಒಂದು ಜ್ವರ ಬಂತು. ಹೋಗ್ತಾ ರುಚಿ, ವಾಸನೆ ಎರಡನ್ನೂ ಹೊತ್ಕೊಂಡು ಹೋಯ್ತು. ಡಾಕ್ಟರು ತಾನಾಗೇ ಬರುತ್ತೆ ಅಂದ್ರು. ಕಾಯ್ತಾನೇ ಇದೀನಿ" ಎನ್ನುತ್ತಾರೆ. ದನಿಯಲ್ಲಿ ದೂರಿಲ್ಲ, ಸುಸ್ತಿದೆ.

ಹಾಗಾದರೆ ಅಡುಗೆ ಹೇಗೆ? ಕಡಲೆಬೇಳೆ, ಧನಿಯಾ, ಒಣಮೆಣಸಿನಕಾಯಿ ಹುರಿಯುವಾಗ ಬಣ್ಣ ನೋಡುತ್ತಾರೆ. ಒಗ್ಗರಣೆಯ ಸಾಸಿವೆಗೆ ಕಿವಿ ಕೊಡುತ್ತಾರೆ. "ಉಪ್ಪಿಗೆ ಮೊದಮೊದಲು ಮೋಸ ಹೋದೆ. ಹೆಚ್ಚಿದ ಹೀರೆಕಾಯಿ ಗುಡ್ಡದ ಹಾಗೆ ಕಾಣುತ್ತೆ, ಅದನ್ನ ನೋಡ್ಕೊಂಡು ಹಾಕಿದ್ದೆ. ಬೆಂದು ನೀರು ಬಿಟ್ಟು ಇಳಿದ್ರೆ ಇಷ್ಟೇ ಇಷ್ಟು! ಬಾಯಿಗಿಡೋ ಹಾಗಿರ್ಲಿಲ್ಲವಂತೆ. ಈಗ ಇಳಿದ ಮೇಲೇ ಉಪ್ಪು. ಆದ್ರೆ ಕಹಿ ಕಣ್ಣಿಗೆ ಕಾಣಲ್ಲ ನೋಡಿ."

ಕಹಿ ಹೀರೆಕಾಯಿ ಒಂದೇ ಒಂದು ಸೇರಿದರೂ ಇಡೀ ಪಾತ್ರೆ ಕೆಟ್ಟಂತೆ. ಹೊಟ್ಟೆಗೂ ಕೇಡು. ಗಂಡ ರುಚಿ ನೋಡಬಾರದೇ ಎಂದರೆ ಪಲ್ಯದಕ್ಕ ನಗುತ್ತಾರೆ. "ಅವರು ರಾತ್ರಿ ವಾಚ್‌ಮನ್ ಕೆಲಸ ಮುಗಿಸಿ ಬರೋದ್ರೊಳಗೆ ಡಬ್ಬಿ ಎಲ್ಲಾ ಹೋಗಿರುತ್ತೆ. ಬಂದಿದ್ರೂ ಅಷ್ಟೇ, ಪಾಪ, ಬೇವಿನಸೊಪ್ಪು ಕೊಟ್ರೂ ಚೆನ್ನಾಗಿದೆ ಅಂತಾರೆ!"

ಕಳೆದ ತಿಂಗಳು ಅತ್ತೆಗೆ ಮೈ ಸರಿಯಿರಲಿಲ್ಲ. ಎಬ್ಬಿಸಲು ಮನಸ್ಸಾಗದೆ, ಒಂದು ದಿನಕ್ಕೆ ಏನಾದೀತು ಎಂದುಕೊಂಡು ಪಲ್ಯದಕ್ಕ ಹಾಗೇ ಬೇಯಿಸಿದರು. ಅಂದು ಮಧ್ಯಾಹ್ನ ಬಸ್ಸು ತೊಳೆಯುವ ಹೆಂಗಸೊಬ್ಬರು ಡಬ್ಬಿ ತಂದು ಕಟ್ಟೆಯ ಮೇಲಿಟ್ಟು, ಏನೂ ಹೇಳದೆ ಹೋದರು. ಮುಚ್ಚಳ ತೆಗೆದರೆ ಪಲ್ಯ ಹಾಗೇ ಇತ್ತು. "ಬೈದಿದ್ರೆ ಸಮಾಧಾನ ಆಗಿರೋದು. ಮಾರನೇ ದಿನ ಎಷ್ಟೋ ಜನ ಬರ್ಲೇ ಇಲ್ಲ. ಒಬ್ಬೊಬ್ಬರಾಗಿ ತಿರುಗಿ ಬರ್ತಿದ್ದಾರೆ. ಇನ್ನೊಂದು ಸಲ ಹಂಗಾದ್ರೆ ಮುಗೀತು, ಒಲೆ ಆರಿಸಿಬಿಡಬೇಕು."

ಈಗ ಆ ನಾಲಿಗೆಗೇ ಕುತ್ತು ಬಂದಿದೆ. ಅಮ್ಮನನ್ನು ಕರೆದುಕೊಂಡು ಹೋಗುತ್ತೇನೆಂದು ನಾದಿನಿ ಪಟ್ಟು ಹಿಡಿದಿದ್ದಾರೆ. ನಾನು ಕೂತಿದ್ದಾಗಲೇ ಅವರ ಫೋನು. ಅತ್ತೆಗೆ ಕಿವಿ ಮಂದ, ಹಾಗಾಗಿ ಸ್ಪೀಕರ್ ಹಾಕಿದ ಫೋನಿನ ಮಾತು ಇಡೀ ಅಡುಗೆಮನೆಗೆ ಕೇಳುತ್ತದೆ. "ಈ ವಯಸ್ಸಲ್ಲಿ ಕತ್ತಲಲ್ಲೇ ಎಬ್ಬಿಸಿ ಹಸಿ ಕಾಯಿ ತಿನ್ನಿಸ್ತೀರಲ್ಲ ಅತ್ತಿಗೆ, ನಿಮಗೆ ಹೆಂಗೆ ಮನಸ್ಸು ಬರುತ್ತೆ?"

ಪಲ್ಯದಕ್ಕ ಸೌಟು ತಿರುಗಿಸುತ್ತಾ ನನಗೆ ಹೇಳುತ್ತಾರೆ: "ಅವಳು ಹೇಳೋದ್ರಲ್ಲಿ ತಪ್ಪೇನಿದೆ?" ಮುಖ ಅತ್ತ ತಿರುಗಿಸಿಕೊಂಡು ಸೆರಗಿನಿಂದ ಕಣ್ಣೊರೆಸಿಕೊಳ್ಳುತ್ತಾರೆ. ಒಗ್ಗರಣೆಯ ಘಾಟು ಇರಬಹುದು ಎಂದುಕೊಳ್ಳುತ್ತೇನೆ. ಆದರೆ ಒಗ್ಗರಣೆ ಹಾಕಿ ಆಗಲೇ ಬಹಳ ಹೊತ್ತಾಗಿದೆ.

ಅತ್ತೆ ಫೋನನ್ನು ಬಾಯಿಯ ಹತ್ತಿರ ತಂದುಕೊಂಡು ಕೂಗುತ್ತಾರೆ: "ಹೀರೆಕಾಯಿ ಕಾಲ ಮುಗೀಲಿ ಕಣೇ, ಬರ್ತೀನಿ!" ಫೋನು ಇಟ್ಟ ಮೇಲೆ ಸೊಸೆ, "ಅದಕ್ಕೆಲ್ಲಿದೆ ಅತ್ತೆ ಕಾಲ? ಮಾರ್ಕೆಟ್ಟಿಗೆ ವರ್ಷವಿಡೀ ಬರುತ್ತೆ" ಎನ್ನುತ್ತಾರೆ. "ಗೊತ್ತು, ನೀನು ಪಲ್ಯ ತಿರುಗಿಸು, ಸೀದೀತು" ಎಂದು ಅತ್ತೆ ಮತ್ತೆ ಗೋಡೆಗೊರಗುತ್ತಾರೆ.

ಹೊರಗೆ ಡಬ್ಬಿಗಳ ಸದ್ದು ಶುರುವಾಗಿದೆ. ಇದನ್ನೆಲ್ಲ ಬರೆಯಬಹುದೇ, ಗಿರಾಕಿಗಳು ಕೈಬಿಟ್ಟರೆ ಏನು ಗತಿ ಎಂದು ಕೇಳುತ್ತೇನೆ. ಪಲ್ಯದಕ್ಕ ಪಾತ್ರೆ ಇಳಿಸಿ ಹೇಳುತ್ತಾರೆ: "ಬರೀರಿ. ನನಗೆ ರುಚಿ ಗೊತ್ತಾಗಲ್ಲ ಅಂತ ಬರೀರಿ. ಅತ್ತೆ ನೋಡದೆ ಒಂದು ಕಾಯಿನೂ ಒಲೆ ಹತ್ತಲ್ಲ ಅಂತಾನೂ ಬರೀರಿ."

ಆಮೇಲೆ ಕಸದ ಡಬ್ಬಿಯಿಂದ ಅತ್ತೆ 'ಥೂ' ಅಂದ ಕಾಯಿಯನ್ನು ಎತ್ತಿ, ಒಂದು ಚೂರು ಕೊಯ್ದು, ನಾಲಿಗೆಯ ತುದಿಗೆ ತಾಗಿಸಿ ಕಣ್ಣು ಮುಚ್ಚುತ್ತಾರೆ. ಹೀರೆಕಾಯಿ ತಂದ ದಿನವೆಲ್ಲ ಹೀಗೆ ನೋಡುತ್ತಾರಂತೆ. ಇವತ್ತೂ ಏನೂ ಇಲ್ಲ. ಚೂರನ್ನು ಉಗಿದು ಬಾಯಿ ತೊಳೆದುಕೊಂಡು ಹೇಳುತ್ತಾರೆ:

"ಸಿಹಿ, ಖಾರ ಏನೂ ಬೇಡ ನನಗೆ. ಕಹಿ ಒಂದು ಗೊತ್ತಾದ್ರೆ ಸಾಕು. ಅತ್ತೆ ಬೆಳಗಾಗೋವರೆಗೂ ಮಲಗ್ತಾರೆ."